ಗೆರೆಯ ಕೆಳಗೆ ಬರೆಯದೆ ಬಿಟ್ಟದ್ದು

ಭಾನುವಾರ, ಬೆಳಿಗ್ಗೆ

ಪ್ರೀತಿಯ ಮಗಳು ಗುಬ್ಬಿಗೆ ಅಪ್ಪನ ಆಶೀರ್ವಾದಗಳು.

ನಾನು ಕ್ಷೇಮ. ಮೊಣಕಾಲನ್ನು ಲೆಕ್ಕಕ್ಕೆ ಹಿಡಿಯದಿದ್ದರೆ ಪೂರ್ತಿ ಕ್ಷೇಮ. ಅಲ್ಲಿ ನೀನೂ ನೀನು ಕಟ್ಟುತ್ತಿರುವ ಸೇತುವೆಯೂ ನೆಟ್ಟಗೆ ನಿಂತಿದ್ದೀರೆಂದು ನಂಬಿದ್ದೇನೆ. ನಿನ್ನ ಎರಡು ಕಾಗದಗಳು ಬಂದು ಮೇಜಿನ ಮೇಲೆ ನನ್ನನ್ನೇ ನೋಡುತ್ತ ಕೂತಿವೆ. ಮೊದಲನೆಯದಕ್ಕೆ ಉತ್ತರ ಬರೆಯೋಣವೆಂದು ಪೆನ್ನು ತೆಗೆದಾಗಲೇ ಎರಡನೆಯದು ಬಂತು. ಅದರಲ್ಲಿ "ಅಪ್ಪ, ಬದುಕಿದ್ದೀಯೋ ಇಲ್ಲವೋ ಅಷ್ಟಾದರೂ ಬರಿ" ಎಂದಿದ್ದೀಯ. ಬದುಕಿದ್ದೇನೆ. ತಡವಾದದ್ದಕ್ಕೆ ಸಿಟ್ಟಾಗಬೇಡ. ಕಾಲೇಜಿನಲ್ಲಿ ನಮಗೆ ರಜಾ ಅರ್ಜಿ ಬರೆಯುವುದನ್ನು ಕಲಿಸಿದ್ದರು: 'ಡ್ಯೂ ಟು ಅನ್‌ಅವಾಯ್ಡಬಲ್ ಸರ್ಕಮ್‌ಸ್ಟ್ಯಾನ್ಸಸ್'. ಎರಡು ವರ್ಷದ ಇಂಗ್ಲಿಷಿನಲ್ಲಿ ನನಗೆ ಪೂರ್ತಿ ನೆನಪಿರುವ ವಾಕ್ಯ ಅದೊಂದೇ. ಅದೂ ಅರ್ಧ ವಾಕ್ಯ. ಆಗ ಸಿನಿಮಾ ನೋಡಲು ಹೋಗುವುದಕ್ಕೆ ಅದನ್ನು ಬಳಸುತ್ತಿದ್ದೆವು. ಈ ಸಲ ಮಾತ್ರ ಅದು ಸುಳ್ಳಲ್ಲ.

ಮನೆಯ ಸುದ್ದಿ ಮೊದಲು ಮುಗಿಸಿಬಿಡುತ್ತೇನೆ. ಬಚ್ಚಲಿನ ನಲ್ಲಿ ಸೋರುವುದು ನಿಂತಿದೆ, ಈಗ ಅಡುಗೆಮನೆಯದು ಶುರುವಾಗಿದೆ. ಹಿಂದಿನ ಬೀದಿಯ ಬೇಕರಿ ಮುಚ್ಚಿ ಅಲ್ಲಿ ಕನ್ನಡಕದ ಅಂಗಡಿ ಬಂದಿದೆ. ಮೊದಲು ಆ ಮೂಲೆಗೆ ಬಂದರೆ ಬಾಯಲ್ಲಿ ನೀರೂರುತ್ತಿತ್ತು, ಈಗ ಕಣ್ಣಲ್ಲಿ. ಅಡುಗೆ ನಾನೇ ಮಾಡಿಕೊಳ್ಳುತ್ತೇನೆ. ಉಪ್ಪಿನ ಅಂದಾಜು ಇನ್ನೂ ಸಿಕ್ಕಿಲ್ಲ. ಸರ್ವೀಸಿನುದ್ದಕ್ಕೂ ತೂಕ ಅಳತೆ ಇಲಾಖೆಯಲ್ಲಿ ಊರಿನ ತಕ್ಕಡಿಗಳಿಗೆಲ್ಲ ಮುದ್ರೆ ಒತ್ತಿದವನಿಗೆ ತನ್ನ ಮನೆಯ ಚಿಟಿಕೆ ಉಪ್ಪು ಹಿಡಿತಕ್ಕೆ ಬರುತ್ತಿಲ್ಲ. ನಿನ್ನಮ್ಮ ಇದ್ದಿದ್ದರೆ ಎಷ್ಟು ನಗುತ್ತಿದ್ದಳೋ.

ಈಗ ವಿಷಯಕ್ಕೆ ಬರುತ್ತೇನೆ. ನಿನಗೆ ಗೊತ್ತಿರುವುದನ್ನೂ ಸೇರಿಸಿ ಹೇಳುತ್ತೇನೆ, ಸಹಿಸಿಕೋ. ಮುದುಕರು ಮೊದಲಿನಿಂದ ಹೊರಡದಿದ್ದರೆ ನಡುವೆ ದಾರಿ ತಪ್ಪುತ್ತಾರೆ.

ಅಮ್ಮ ಹೋದಳು, ಅವಳ ಅಂಕಣ ಹೋಗಲಿಲ್ಲ. ಪತ್ರಿಕೆಯವರು 'ಗೊತ್ತಿದ್ದಷ್ಟು' ಎಂಬ ಅದೇ ಹೆಸರಿನಡಿ ಅವಳ ಹಳೆಯ ಪ್ರಶ್ನೋತ್ತರಗಳನ್ನು ವಾರವಾರವೂ ಮತ್ತೆ ಹಾಕುತ್ತಿದ್ದಾರೆ. ಕೊನೆಯಲ್ಲಿ ಇರುವೆಯ ಕಾಲಿನಷ್ಟು ಸಣ್ಣ ಅಕ್ಷರದಲ್ಲಿ 'ಮರುಮುದ್ರಣ' ಎಂದಿರುತ್ತದೆ. ಇರುವೆಯ ಕಾಲನ್ನು ಯಾರು ನೋಡುತ್ತಾರೆ? ಆದ್ದರಿಂದ ಓದುಗರ ಕಾಗದಗಳು ಇನ್ನೂ ಬರುತ್ತಿವೆ. ಬೆಕ್ಕಿಗೆ ಕನಸು ಬೀಳುತ್ತದೆಯೇ? ಒಬ್ಬರ ಆಕಳಿಕೆ ಇನ್ನೊಬ್ಬರಿಗೆ ಯಾಕೆ ಅಂಟುತ್ತದೆ? ಅಳಿಯನ ಬೋಳುತಲೆ ಮೊಮ್ಮಗನಿಗೂ ಬರುತ್ತದೆಯೇ, ಬಂದರೆ ಯಾರನ್ನು ಬೈಯಬೇಕು? ಸಂಪಾದಕರು ಅವನ್ನೆಲ್ಲ ಒಂದು ಕಟ್ಟು ಕಟ್ಟಿ ನನಗೆ ಕಳಿಸುತ್ತಾರೆ. ನಾನು ಪ್ರತಿಯೊಬ್ಬರಿಗೂ ಒಂದು ಕಾರ್ಡು ಹಾಕುತ್ತಿದ್ದೆ: 'ಅವರು ಈಗ ಇಲ್ಲ. ನಿಮ್ಮ ಪ್ರಶ್ನೆ ಚೆನ್ನಾಗಿದೆ.' ಎರಡನೆಯ ವಾಕ್ಯ ಸಂಪಾದಕರು ಹೇಳಿಕೊಟ್ಟದ್ದಲ್ಲ, ನನ್ನದೇ.

ಅವಳು ಹೇಗೆ ಬರೆಯುತ್ತಿದ್ದಳೆಂಬುದು ನಿನಗೆ ಅಷ್ಟಾಗಿ ಗೊತ್ತಿರಲಾರದು, ಆಗ ನೀನು ಹಾಸ್ಟೆಲಿನಲ್ಲಿದ್ದೆ. ಕಾಲೇಜಿನಲ್ಲಿ ಪ್ರಾಣಿಶಾಸ್ತ್ರದ ಪಾಠ ಮುಗಿಸಿ, ಎರೆಹುಳುವಿನ ನರಗಳನ್ನು ನೋಡಿ ನೋಡಿ ಕೆಂಪಾದ ಕಣ್ಣಲ್ಲೇ ಬಂದು ಊಟದ ಮೇಜಿನ ಮೇಲೆ ಹಾಳೆ ಹರಡುವಳು. ಮೊದಲು ಪೆನ್ಸಿಲಿನಲ್ಲಿ ಹಾಳೆಗೆ ಅಡ್ಡಲಾಗಿ ಒಂದು ಗೆರೆ. ಗೆರೆಯ ಮೇಲೆ, ಯಾರೋ ಪರೀಕ್ಷೆ ಮಾಡಿ ನೋಡಿ ಗೊತ್ತಾದದ್ದು. ಗೆರೆಯ ಕೆಳಗೆ, ಗೊತ್ತಿಲ್ಲದ್ದು. ಮೇಲಿನದು ಮೇಲ್ಮನೆ, ಕೆಳಗಿನದು ಕೆಳಮನೆ ಅನ್ನುವಳು. ಮರಕ್ಕೆ ನೋವಾಗುತ್ತದೆಯೇ ಎಂದು ಒಬ್ಬರು ಕೇಳಿದ್ದರು. ಎಲೆ ಕಿತ್ತರೆ ಆ ಸುದ್ದಿ ಗಿಡದ ಬೇರೆ ಕಡೆಗೂ ಹರಿಯುತ್ತದೆ ಎಂಬುದು ಮೇಲ್ಮನೆಗೆ ಹೋಯಿತು. 'ಆ ಸುದ್ದಿಯೇ ನೋವೇ? ಹೇಳಲು ಮರಕ್ಕೆ ಬಾಯಿಲ್ಲ, ಕೇಳಲು ನನಗೆ ಆ ಕಿವಿಯಿಲ್ಲ' ಎಂಬುದು ಕೆಳಮನೆಗೆ. ಕೆಳಮನೆ ಖಾಲಿ ಉಳಿದರೆ ಲೇಖನವನ್ನು ಕಳಿಸುತ್ತಲೇ ಇರಲಿಲ್ಲ.

"ಅಲ್ಲ ಕಣೇ, ಜನ ದುಡ್ಡು ಕೊಟ್ಟು ಪೇಪರ್ ತಗೊಳ್ಳೋದು ಗೊತ್ತಿಲ್ಲ ಅಂತ ಓದೋಕಾ?" ಎಂದು ನಾನು ರೇಗಿಸುತ್ತಿದ್ದೆ.

"ನಿಮ್ಮ ತಕ್ಕಡಿಗೂ ಇಷ್ಟು ಹೆಚ್ಚು ಕಮ್ಮಿ ಇರಬಹುದು ಅಂತ ರೂಲ್ಸ್ ಇಲ್ವಾ? ಹೆಚ್ಚು ಕಮ್ಮಿನೇ ಇಲ್ಲ ಅನ್ನೋ ಅಂಗಡಿಯವನನ್ನ ನೀವು ಬಿಡ್ತೀರಾ?"

ಬಿಡುತ್ತಿರಲಿಲ್ಲ. ಮೊದಲು ಅವನನ್ನೇ ಹಿಡಿಯುತ್ತಿದ್ದೆ.

ಹೋದ ತಿಂಗಳು ಬಂದ ಕಟ್ಟಿನಲ್ಲಿ ಒಬ್ಬ ಹೊಲಿಗೆಯಾಕೆಯ ಕಾಗದವಿತ್ತು. ನಮ್ಮ ಊರಿನದೇ. 'ಅಮ್ಮಾ, ಅಂಗಿಯ ಅಳತೆಗೆ ಹಳೆಯ ಪೇಪರ್ ಕತ್ತರಿಸುವಾಗ ನಿಮ್ಮ ಅಂಕಣ ಸಿಕ್ಕರೆ ಕತ್ತರಿಯನ್ನು ಆ ಕಡೆ ತಿರುಗಿಸಿ ಅದನ್ನು ಉಳಿಸುತ್ತೇನೆ' ಎಂದು ಶುರುವಾಗಿತ್ತು. ಅಷ್ಟು ಓದಿ ಖುಷಿಯಾಗಿ ಕಾಫಿ ಮಾಡಿಕೊಂಡು ಬಂದು ಮುಂದಿನದನ್ನು ಓದಿದೆ. ಕಾಫಿ ಅಲ್ಲೇ ಆರಿತು. ಆಕೆಯ ಗಂಡ ಗೋಡೆಗಳಿಗೆ ಬಣ್ಣ ಬಳಿಯುವವನು. ಗೋಡೆಗೆ ಕಟ್ಟಿದ ಸಾರುವೆಯಿಂದ ಜಾರಿ ಬಿದ್ದು ತಲೆಗೆ ಪೆಟ್ಟಾಗಿದೆ. ಉಸಿರಿದೆ, ಎಚ್ಚರವಿಲ್ಲ. 'ನಾನು ಮಾತಾಡಿದರೆ ಅವರಿಗೆ ಕೇಳಿಸುತ್ತದೆಯೇ? ಒಬ್ಬ ಡಾಕ್ಟರು ಇಲ್ಲ ಎನ್ನುತ್ತಾರೆ, ಇನ್ನೊಬ್ಬರು ಉತ್ತರ ಕೊಡದೆ ಚೀಟಿ ಬರೆಯುತ್ತಾರೆ. ವಿಜ್ಞಾನ ಏನನ್ನುತ್ತದೆ? ನೀವು ಹೇಳಿದರೆ ನಂಬುತ್ತೇನೆ. ಬೇಗ ಹೇಳಿ.'

ಇದಕ್ಕೆ 'ಅವರು ಈಗ ಇಲ್ಲ, ನಿಮ್ಮ ಪ್ರಶ್ನೆ ಚೆನ್ನಾಗಿದೆ' ಎಂದು ಕಾರ್ಡು ಹಾಕಲು ನನಗೆ ಕೈ ಬರಲಿಲ್ಲ.

ಅಮ್ಮನ ಬೀರು ತೆಗೆದೆ. ಈ ಪ್ರಶ್ನೆಗೆ ಅವಳು ಯಾವತ್ತೂ ಉತ್ತರಿಸಿರಲಿಲ್ಲ. ಅವಳ ದಪ್ಪ ಇಂಗ್ಲಿಷ್ ಪುಸ್ತಕಗಳನ್ನು ಕೆಳಗಿಳಿಸಿ, ಪಕ್ಕದಲ್ಲಿ ನಿಘಂಟು ಇಟ್ಟುಕೊಂಡು, ಕನ್ನಡಕದ ಮೇಲೆ ಭೂತಗನ್ನಡಿ ಹಿಡಿದು ಕೂತೆ. ಆ ಪುಸ್ತಕ ಬರೆದವರೆಲ್ಲ ಅಡ್ಡಗೋಡೆಯ ಮೇಲೆ ದೀಪ ಇಡುವವರೇ. 'ಇಟ್ ಅಪಿಯರ್ಸ್', 'ಇಟ್ ಈಸ್ ಪಾಸಿಬಲ್', 'ಇನ್ ಸಮ್ ಕೇಸಸ್'. ಅವುಗಳ ನಡುವೆ ಇಷ್ಟು ತಿಳಿಯಿತು: ಹಾಗೆ ಮಲಗಿರುವ ಕೆಲವರ ಮಿದುಳಿನ ಅಲೆಗಳನ್ನು ಯಂತ್ರದಲ್ಲಿ ನೋಡಿದಾಗ ಮಾತಿಗೆ ಒಳಗೊಳಗೇ ಸ್ಪಂದಿಸಿದ್ದು ಕಂಡಿದೆ. ಕೆಲವರಲ್ಲಿ ಕಂಡಿಲ್ಲ. ಕಾಣದಿದ್ದರೆ ಇಲ್ಲವೆಂದೂ ಅಲ್ಲ. ಕಂಡರೆ, ಅವರಿಗೆ ಅದು ಹೇಗಿದೆ ಎಂದು ಯಂತ್ರ ಹೇಳುವುದಿಲ್ಲ.

ಮೇಲ್ಮನೆಗೆ ಬೇಕಾದದ್ದು ಇತ್ತು, ಕೆಳಮನೆಗೆ ಬೇಕಾದದ್ದೂ ಧಾರಾಳವಾಗಿ ಇತ್ತು. ಆದರೆ ಪೆನ್ನು ಹಿಡಿದು ಕೂತ ನಾನು ಗೆರೆ ಎಳೆಯಲಿಲ್ಲ. 'ಕೇಳಿಸುತ್ತದೆ. ಮಾತಾಡಿ. ನಿಲ್ಲಿಸಬೇಡಿ' ಎಂದು ಬರೆದೆ. ಅಷ್ಟೇ. ಕೈಗೆ ಸಿಕ್ಕ ಹಾಳೆ ಅಮ್ಮನ ಹೆಸರು, ಪದವಿ, ವಿಳಾಸ ಮೇಲೆ ಅಚ್ಚಾದ ಹಾಳೆ. ಸಹಿಯ ಜಾಗದಲ್ಲಿ ಒಂದು ಸುರುಳಿ ಎಳೆದೆ. ನನ್ನದೆಂದರೆ ನನ್ನದು, ಅವಳದೆಂದರೆ ಅವಳದು. ಅಂಚೆಪೆಟ್ಟಿಗೆಗೆ ಹಾಕಿ ಬರುವಾಗ ಮೊಣಕಾಲು ನೋಯಲಿಲ್ಲ, ನೋಡು.

ಯಾಕೆ ಹಾಗೆ ಬರೆದೆ ಎಂದು ನೀನು ಕೇಳುತ್ತೀಯ. ಈಗ ಕೇಳಬೇಡ.

ಸ್ವಲ್ಪ ದಿನದ ಮೇಲೆ ಒಬ್ಬ ಬಾಗಿಲು ಬಡಿದ. ಲಿಫ್ಟ್ ರಿಪೇರಿಯವರ ನೀಲಿ ಅಂಗಿ, ಒಂದು ಕೈಯಲ್ಲಿ ಗ್ರೀಸು, ಇನ್ನೊಂದು ಕೈಯಲ್ಲಿ ಗ್ರೀಸು ತಾಗದಂತೆ ಎತ್ತಿ ಹಿಡಿದ ನನ್ನ ಕಾಗದ.

"ಡಾಕ್ಟರಮ್ಮ ಇದಾರಾ?"

"ಯಾವ ಡಾಕ್ಟರಮ್ಮ?"

"ಇದನ್ನ ಬರೆದವರು. ಇದೇ ಅಡ್ರೆಸ್ ತಾನೆ?"

"ಅವರು... ಇಲ್ಲ."

"ಯಾವಾಗ ಬರ್ತಾರೆ?"

ನನ್ನ ಬಾಯಲ್ಲಿ ಬಂದ ಉತ್ತರ ಕೇಳು. "ಹೇಳೋಕಾಗಲ್ಲ" ಅಂದೆ.

ಅವನು ಹೊಲಿಗೆಯಾಕೆಯ ಮೈದುನ. ಒಳಗೆ ಬಾ ಎಂದರೂ ಬರಲಿಲ್ಲ, ಹೊಸಿಲಾಚೆಯೇ ನಿಂತು ಹೇಳಿದ. ಅತ್ತಿಗೆ ಅಂಗಡಿ ಬಾಗಿಲು ಹಾಕಿ ಆಸ್ಪತ್ರೆಯಲ್ಲೇ ಕೂತುಬಿಟ್ಟಿದ್ದಾಳೆ. ಊಟ ತಂದರೆ ಹಾಗೇ ಇರುತ್ತದೆ. ಮಾತು, ಮಾತು, ಮಾತು. ಗಂಟಲು ಕಟ್ಟಿಹೋಗಿದೆ.

"ಮಾತಾಡಲಿ ಬಿಡಪ್ಪ. ಅದರಿಂದ ಏನು ಕೆಟ್ಟದ್ದು?" ಅಂದೆ ನಾನು.

"ಏನು ಕೆಟ್ಟದ್ದು ಅಂತ ಕೇಳ್ತೀರಲ್ಲ ಸಾರ್! ಕೇಳಿಸುತ್ತೆ ಅಂತ ಬರೆದುಬಿಟ್ರಿ. ಸರಿ, ಕೇಳಿಸುತ್ತೆ ಅಂತಾನೇ ಇಟ್ಕೊಳ್ಳೋಣ. ಕೇಳಿಸಿದ್ರೂ ಅಣ್ಣ ಏಳ್ತಿಲ್ಲ. ಹಂಗಂದ್ರೆ ಏನರ್ಥ? ಅತ್ತಿಗೆ ಏನು ತಿಳ್ಕೊಂಡಿದಾಳೆ ಗೊತ್ತಾ? ನಾನು ಸರಿಯಾಗಿ ಕರೀತಿಲ್ಲ, ಅದಕ್ಕೇ ಏಳ್ತಿಲ್ಲ ಅಂತ. ಅಣ್ಣನಿಗೆ ಏನಾದ್ರೂ ಆಗಿಹೋದ್ರೆ ಅವಳು ಆ ಮಾತನ್ನ ಸಾಯೋವರೆಗೂ ಹೊತ್ಕೊಂಡಿರ್ತಾಳೆ. ನಿಮ್ಮ ಡಾಕ್ಟರಮ್ಮ ಬಂದು ಇಳಿಸ್ತಾರಾ?"

ಗುಬ್ಬಿ, ಆ ಲಿಫ್ಟಿನ ಹುಡುಗನ ಪ್ರಶ್ನೆ ನನ್ನ ಮೂರು ವಾಕ್ಯಗಳ ಬುಡಕ್ಕೇ ಬಂದಿತ್ತು. ಅಮ್ಮ ಕೆಳಮನೆಯನ್ನು ಯಾಕೆ ಖಾಲಿ ಬಿಡುತ್ತಿರಲಿಲ್ಲವೆಂದು ಅವಳೊಂದಿಗೆ ಅಷ್ಟು ವರ್ಷ ಬಾಳಿದ ನನಗೆ ಅವತ್ತು ಹೊಸಿಲಲ್ಲಿ ಗೊತ್ತಾಯಿತು. ಕೇಳಿಸುತ್ತದೆ ಎಂದು ಹೇಳಿ ನಾನು ಆಕೆಯ ತಲೆಗೆ ಒಂದು ಹೊರೆ ಹೊರಿಸಿದ್ದೆ.

ಮಾರನೆಯ ದಿನವೇ ಹೋಗಬೇಕಿತ್ತು. ಹೋಗಲಿಲ್ಲ. ಮಳೆ ಬರಬಹುದು ಅಂದುಕೊಂಡೆ, ನಲ್ಲಿಯವನು ಬರಬಹುದು ಅಂದುಕೊಂಡೆ. ಇಬ್ಬರೂ ಬರಲಿಲ್ಲ. ನಿನಗೆ ಕಾಗದ ಬರೆಯೋಣವೆಂದು ಕೂತೆ, ಅದೂ ಆಗಲಿಲ್ಲ. ನಮ್ಮ ಇಂಗ್ಲಿಷ್ ಮೇಷ್ಟ್ರು ಹೇಳುತ್ತಿದ್ದರು, 'ಮಿಸ್ಟೇಕ್ಸ್ ವರ್ ಮೇಡ್' ಎಂದು ಬರೆಯುವವರು ಸರ್ಕಾರ ಮತ್ತು ಕಳ್ಳರು ಮಾತ್ರ, ಮನುಷ್ಯ ಆದವನು 'ಐ' ಎಂದು ಶುರು ಮಾಡಬೇಕು ಎಂದು. ಕೊನೆಗೆ ಆ 'ಐ' ಎಂಬುವವನು ಚಪ್ಪಲಿ ಮೆಟ್ಟಿಕೊಂಡು ಹೊರಟ.

ಸೋಮವಾರ

ನಿನ್ನೆ ಪೆನ್ನಿನ ಇಂಕು ಮುಗಿಯಿತು. ಮುಗಿಯದಿದ್ದರೂ ನಿಲ್ಲಿಸುತ್ತಿದ್ದೆ, ಬೆರಳು ಜುಮ್ಮೆನ್ನುತ್ತಿತ್ತು.

ಆಸ್ಪತ್ರೆಯ ಆ ವಾರ್ಡಿನಲ್ಲಿ ಒಂದೊಂದು ಹಾಸಿಗೆಗೂ ಒಂದೊಂದು ಹಸಿರು ಪರದೆ. ಕಿಟಕಿಯ ಕಡೆಯ ಪರದೆಯ ಹಿಂದಿನಿಂದ ಒಡಕು ದನಿ ಕೇಳುತ್ತಿತ್ತು. ಪ್ರೀತಿಯ ಮಾತು ಇರಬಹುದು, ಒಳಗೆ ಹೋಗುವುದು ಸರಿಯಲ್ಲ ಎಂದು ಹೊರಗೇ ನಿಂತೆ.

"...ಆ ಏಣಿಯನ್ನ ಪಕ್ಕದ ಮನೆಯವರಿಗೆ ಕೊಡಬೇಡಿ ಅಂತ ಬಡ್ಕೊಂಡೆ. ಕೊಟ್ರಿ. ವಾಪಸ್ ಬಂತಾ? ಬರಲಿಲ್ಲ. ಕೇಳೋಕೆ ಹೋದ್ರೆ ನಾನು ಜಗಳಗಂಟಿ. ನೀವು ದೊಡ್ಡ ಮನುಷ್ಯರು! ಏಳಿ, ಎದ್ದು ನೀವೇ ಹೋಗಿ ಕೇಳಿ. ನನಗೇನು..."

ನಾನು ಕೆಮ್ಮಿದೆ. ಪರದೆ ಸರಿಯಿತು. ಸಣ್ಣ ಆಕಾರದ ಹೆಂಗಸು, ಕತ್ತಿನಲ್ಲಿ ಇನ್ನೂ ಅಳತೆಯ ಟೇಪು ನೇತಾಡುತ್ತಿತ್ತು, ತೆಗೆದಿಡಲು ಮರೆತವಳಂತೆ. ಹಾಸಿಗೆಯ ಮೇಲೆ ಆತ. ಮೂಗಿಗೆ ನಳಿಗೆ, ತಲೆಗೆ ಪಟ್ಟಿ. ಉಗುರಿನ ಸಂದಿಯಲ್ಲಿ ತಿಳಿ ನೀಲಿ ಬಣ್ಣ.

ನಾನು ನಿಂತಲ್ಲೇ ಎಲ್ಲ ಹೇಳಿಬಿಟ್ಟೆ. ನೀವು ಕಾಗದ ಬರೆದ ಅಮ್ಮ ತೀರಿಕೊಂಡಿದ್ದಾರೆ, ನಾನು ಅವರ ಗಂಡ, ನಿಮಗೆ ಉತ್ತರ ಬರೆದವನು ನಾನು, ನಾನು ವಿಜ್ಞಾನ ಓದಿದವನಲ್ಲ, ತಕ್ಕಡಿ ನೋಡುವವನು. ಆಕೆ ಅಳುತ್ತಾಳೆ ಅಥವಾ ಬೈಯುತ್ತಾಳೆ ಎಂದು ಎರಡಕ್ಕೂ ಸಿದ್ಧನಾಗಿ ಹೋಗಿದ್ದೆ.

"ಗೊತ್ತಿತ್ತು" ಅಂದಳು.

"ಏನು ಗೊತ್ತಿತ್ತು?"

"ಅಮ್ಮ ಬರೆದಿದ್ದಲ್ಲ ಅಂತ. ಅವರು ಬರೆದಿದ್ರೆ ಅರ್ಧ ಕಾಗದ ಗೊತ್ತಿಲ್ಲ, ಗೊತ್ತಿಲ್ಲ ಅಂತಾನೇ ಇರ್ತಿತ್ತು. ಇಷ್ಟು ವರ್ಷ ಓದಿದೀನಿ ಸಾರ್, ಅಷ್ಟೂ ಗೊತ್ತಾಗಲ್ವಾ? ಅಂಗಿ ನೋಡಿದ್ರೆ ಯಾರ ಕೈ ಹೊಲಿಗೆ ಅಂತ ಹೇಳ್ತೀನಿ ನಾನು." ಆಮೇಲೆ, "ಅವರು ಇಲ್ಲ ಅನ್ನೋದು ಮಾತ್ರ ಗೊತ್ತಿರಲಿಲ್ಲ" ಅಂದಳು. ಸ್ಟೂಲನ್ನು ನನ್ನ ಕಡೆ ತಳ್ಳಿ ತಾನು ಹಾಸಿಗೆಯ ಅಂಚಿಗೆ ಕೂತಳು.

ಆ ಕ್ಷಣಕ್ಕೆ ನನಗೆ ಹೋದ ಜೀವ ಬಂದಂತಾಯಿತು. "ಹಾಗಾದರೆ ನನ್ನ ಕಾಗದದಿಂದ ನಿಮಗೆ ತೊಂದರೆ ಆಗಲಿಲ್ಲ ಅನ್ನಿ" ಅಂದೆ.

"ತೊಂದರೆನಾ? ಅದೇ ನನ್ನ ಪಾಸು! ಹೊತ್ತು ಮುಗೀತು ಎದ್ದೇಳಿ ಅಂತ ಸಿಸ್ಟರ್ ದಿನಾ ಓಡಿಸ್ತಿದ್ರು. ಈ ಕಾಗದ ತೋರಿಸಿದೆ. ಮೇಲೆ ಹೆಸರು, ಹೆಸರಿನ ಹಿಂದೆ ಅಷ್ಟು ಡಿಗ್ರಿ. ಓದಿ ಸುಮ್ಮನಾದ್ರು. ನಮ್ಮ ಮೈದುನನಿಗೂ ಅದನ್ನೇ ತೋರಿಸಿದ್ದು. ಅವನು ಕಿತ್ಕೊಂಡು ನಿಮ್ಮ ಮನೆಗೆ ಬಂದ."

ನಕ್ಕಳು. ನಾನೂ ನಕ್ಕೆ. ಆದರೆ ಆ ನಗು ಆಕೆಯ ಮುಖದ ಮೇಲೆ ಬಹಳ ಹೊತ್ತು ನಿಲ್ಲಲಿಲ್ಲ. ಗಂಡನ ಕೈಯನ್ನು ತನ್ನ ಮಡಿಲಿಗೆ ಎಳೆದುಕೊಂಡು ಅವನ ಉಗುರಿನ ಬಣ್ಣವನ್ನು ಕೆರೆಯುತ್ತ ಹೇಳಿದಳು.

"ಅಮ್ಮ ಬರೆದಿದ್ದಲ್ಲ ಅಂತ ಗೊತ್ತಿದ್ರೂನೂ ಸಾರ್, ಯಾರೋ ಒಬ್ರು ಅಷ್ಟು ಗಟ್ಟಿಯಾಗಿ ಬರೆದಿದಾರಲ್ಲ ಅನ್ಸೋದು. ಕೇಳಿಸುತ್ತೆ ಅಂತ. ಹಗಲೆಲ್ಲ ಧೈರ್ಯ. ಸಾಯಂಕಾಲ ಆದ್ರೆ, ಕೇಳಿಸ್ತಿದೆ, ಆದ್ರೂ ಎದ್ದೇಳ್ತಿಲ್ಲ, ಹಂಗಾದ್ರೆ ನಾನು ಏನು ಹೇಳಬೇಕಿತ್ತೋ ಅದನ್ನ ಹೇಳಿಲ್ಲ ಅಂತ. ಒಳ್ಳೆ ಮಾತಾಡಿ ನೋಡಿದೆ. ಬೈದು ನೋಡಿದೆ. ಹಳೇದೆಲ್ಲ ಹೇಳಿ ನೋಡಿದೆ. ಇನ್ನು ಯಾವ ಮಾತು ಉಳಿದಿದೆ ಅಂತ ಹುಡುಕ್ತಾ ಇದೀನಿ."

ಗುಬ್ಬಿ, ಆಗ ನಾನು ಸ್ಟೂಲಿನ ಮೇಲೆ ನೆಟ್ಟಗೆ ಕೂತು, ಹಾಳೆಯೂ ಪೆನ್ಸಿಲೂ ಇಲ್ಲದೆ, ಬೀರು ತೆಗೆದ ದಿನ ಬರೆಯಬೇಕಾದದ್ದನ್ನು ಬಾಯಲ್ಲಿ ಹೇಳಿದೆ. ಕೆಲವರಲ್ಲಿ ಸ್ಪಂದನ ಕಂಡಿದೆ, ಕೆಲವರಲ್ಲಿ ಕಂಡಿಲ್ಲ. ಇವರು ಯಾವ ಪೈಕಿ, ಗೊತ್ತಿಲ್ಲ. ಕೇಳಿಸಿದರೂ ಅದು ಮಾತಾಗಿ ಕೇಳಿಸುತ್ತದೆಯೋ ಬರೀ ಸದ್ದಾಗಿಯೋ, ಗೊತ್ತಿಲ್ಲ. ಯಾರು ಏಳುತ್ತಾರೆ, ಯಾವಾಗ ಏಳುತ್ತಾರೆ ಎಂದು ಹಾಸಿಗೆಯ ಪಕ್ಕ ನಿಂತು ಖಚಿತವಾಗಿ ಹೇಳಬಲ್ಲವರು ಇಲ್ಲ. ಪೆಟ್ಟು ಎಷ್ಟು ಆಳಕ್ಕೆ ಹೋಗಿದೆ ಎಂಬುದರ ಮೇಲೆ ಬಹಳಷ್ಟು ನಿಂತಿದೆ. ಅಷ್ಟು ಗೊತ್ತು.

ಆಕೆ ಒಂದೊಂದೇ 'ಗೊತ್ತಿಲ್ಲ'ಕ್ಕೂ ತಲೆಯಾಡಿಸುತ್ತ ಕೇಳಿದಳು. ಕೊನೆಗೆ ನಿಧಾನಕ್ಕೆ, "ಹಂಗಾದ್ರೆ ಇವರು ಏಳದೇ ಹೋದ್ರೆ ಅದು ನಾನು ಕರೆದಿದ್ದು ಸರಿಯಾಗಲಿಲ್ಲ ಅಂತ ಅಲ್ಲ?" ಅಂದಳು.

"ಅಲ್ಲವೇ ಅಲ್ಲ ತಾಯಿ. ಅದು ಮಾತ್ರ ಗೊತ್ತಿರುವುದರಲ್ಲಿ ಸೇರಿದ್ದು."

ಆಕೆ ದೊಡ್ಡದಾಗಿ ಉಸಿರು ಬಿಟ್ಟಳು. ಕತ್ತಿನ ಟೇಪು ತೆಗೆದು ಸುತ್ತಿ ಚೀಲಕ್ಕೆ ಹಾಕಿದಳು. "ಸಾರ್, ಒಂದು ಉಪಕಾರ. ಸ್ವಲ್ಪ ಹೊತ್ತು ಇಲ್ಲೇ ಕೂತಿರ್ತೀರಾ? ಕ್ಯಾಂಟೀನಿಗೆ ಹೋಗಿ ಬರ್ತೀನಿ. ಹೊಟ್ಟೆ ಹಸೀತಿದೆ."

ಹಸಿವು ಎಂಬುದು ಅಷ್ಟು ಒಳ್ಳೆಯ ಸುದ್ದಿ ಎಂದು ನನಗೆ ಗೊತ್ತಿರಲಿಲ್ಲ. ಹೊರಗಿದ್ದ ಮೈದುನ ಓಡಿಬಂದು ಕೇಳಿದ, "ಏನಂದ್ರಿ ಸಾರ್ ನೀವು? ತಟ್ಟೆ ಪೂರ್ತಿ ಖಾಲಿ ಮಾಡ್ತಿದಾಳೆ!" "ಗೊತ್ತಿಲ್ಲ ಅಂದೆ" ಎಂದು ಹೇಳಿದೆ. ಅವನು ನನ್ನನ್ನು ಒಂಥರಾ ನೋಡಿದ.

ಅಂದಿನಿಂದ ಮಧ್ಯಾಹ್ನದ ಪಾಳಿ ನನ್ನದಾಯಿತು. ಆಕೆ ಅಂಗಡಿಯ ಬಾಗಿಲು ತೆಗೆಯಲಿ ಎಂದು ನಾನು ಹೋಗಿ ಕೂರುವುದು. ಪರಿಚಯವಿಲ್ಲದ ಗಂಡಸಿನೊಂದಿಗೆ, ಅದೂ ಉತ್ತರ ಕೊಡದವನೊಂದಿಗೆ ಏನು ಮಾತಾಡುವುದು? ಮೊದಲ ದಿನ ಹವಾಮಾನ ಹೇಳಿದೆ. ಆಮೇಲೆ ಇಲಾಖೆಯ ಕತೆಗಳನ್ನು ತೆಗೆದೆ. ತಕ್ಕಡಿಯ ತಟ್ಟೆಯ ಕೆಳಗೆ ಮೇಣ ಅಂಟಿಸಿದವರು, ನಮ್ಮ ಸಾಹೇಬರು ಆ ಮೇಣವನ್ನು ಮುಟ್ಟಿಯೂ ಕಾಣದಂತಿದ್ದದ್ದು, ಯಾರಿಗೂ ಹೇಳಿರದ ಹಗರಣಗಳು. ಅವನು ಹೋಗಿ ಇನ್ನೊಬ್ಬರಿಗೆ ಹೇಳುವ ಭಯವಿರಲಿಲ್ಲ ನೋಡು. ಕತೆ ಮುಗಿದ ದಿನ ಅಮ್ಮನ ಅಂಕಣಗಳನ್ನು ಓದಿದೆ. ಹೊಲಿಗೆಯಾಕೆ ಬಂದರೆ, "ಇವತ್ತು ಏನು ಪಾಠ ಆಯ್ತು ನಮ್ಮನೆಯವರಿಗೆ?" ಎಂದು ಕೇಳುವಳು. "ಜೇನುಹುಳು" ಅನ್ನುವೆ. "ಅಯ್ಯೋ, ಇವರಿಗೆ ಜೇನು ಕಂಡ್ರೆ ಆಗಲ್ಲ. ಸಾರುವೆ ಮೇಲೆ ಕಚ್ಚಿಸಿಕೊಂಡಿದಾರೆ. ಅದಕ್ಕೇ ಮುಖ ಗಂಟು ಹಾಕ್ಕೊಂಡಿದಾರೆ" ಎಂದು ಹಣೆ ನೀವುವಳು. ಡಾಕ್ಟರರು ಮಾತ್ರ ಹೆಚ್ಚು ಆಸೆ ಇಟ್ಟುಕೊಳ್ಳಬೇಡಿ ಎಂದೇ ಹೇಳುತ್ತಿದ್ದರು. ಅವರೂ ತಮಗೆ ಗೊತ್ತಿದ್ದಷ್ಟು ಹೇಳಿದರು, ಪಾಪ.

ಹತ್ತು ಹನ್ನೆರಡು ದಿನದ ಹಿಂದೆ, ಒಂದು ಸಾಯಂಕಾಲ. ಆಕೆ ಅಂಗಡಿ ಮುಗಿಸಿ ಬಂದಿದ್ದಳು, ನಾನು ಹೊರಡುವುದರಲ್ಲಿದ್ದೆ. ಸಿಸ್ಟರ್ ಬಂದು ಹಾಸಿಗೆಯ ಬಟ್ಟೆ ಬದಲಿಸಬೇಕು, ಇಬ್ಬರೂ ಹೊರಗೆ ಹೋಗಿ ಎಂದರು. ಕ್ಯಾಂಟೀನಿನಲ್ಲಿ ಟೀ ಕುಡಿಯುತ್ತ ಆಕೆ ನನ್ನ ಅಂಗಿಯ ಕಾಲರನ್ನು ಹೀಯಾಳಿಸುತ್ತಿದ್ದಳು. ಯಾವ ಕಟುಕ ಹೊಲಿದದ್ದು ಇದನ್ನು ಎಂದು. ನಾನು ನನ್ನ ದರ್ಜಿಯ ಪರ ವಾದಿಸುತ್ತಿದ್ದೆ. ವಾದ ಸ್ವಲ್ಪ ಉದ್ದವೇ ಆಯಿತು. ತಿರುಗಿ ಬಂದರೆ ವಾರ್ಡಿನ ಬಾಗಿಲಲ್ಲೇ ಸಿಸ್ಟರ್.

"ಎಲ್ಲಿ ಹೋಗಿದ್ರಿ ಇಬ್ಬರೂ? ಎಷ್ಟು ಹುಡುಕಿಸೋದು? ಕಣ್ಣು ಬಿಟ್ಕೊಂಡು ನೋಡ್ತಿದಾರೆ ನಿಮ್ಮ ಯಜಮಾನ್ರು!"

ಆಕೆ ಓಡಿದಳು. ಮೊದಲು ಅಳು ಕೇಳಿಸಿತು. ಸ್ವಲ್ಪ ಹೊತ್ತಿಗೇ ಬೈಗುಳ. "ಇಷ್ಟು ದಿನ ಪಕ್ಕದಲ್ಲೇ ಕೂತಿದ್ದೆ, ಆಗ ಬಿಡಲಿಲ್ಲ ಕಣ್ಣು! ನಾನು ಅತ್ತ ಹೋದ ಗಳಿಗೆನೇ ಸಿಕ್ತಾ ನಿಮಗೆ?" ಪಕ್ಕದ ಹಾಸಿಗೆಗಳವರೂ ನಕ್ಕರು.

ಸಿಸ್ಟರ್ ನನ್ನ ಕಡೆ ತಿರುಗಿ ಹೇಳಿದರು, "ಇಷ್ಟು ವರ್ಷದಿಂದ ನೋಡ್ತಿದೀನಿ ತಾತ. ಕಣ್ಣು ಬಿಡೋರಾಗಲಿ, ಮುಚ್ಚೋರಾಗಲಿ, ಮನೆಯವರು ಹೊರಗೆ ಹೋಗೋದನ್ನೇ ಕಾಯ್ತಿರ್ತಾರೋ ಏನೋ."

ಅಮ್ಮ ಇದ್ದಿದ್ದರೆ ಬಿಡುತ್ತಿರಲಿಲ್ಲ. ಮನೆಯವರು ಎದುರಿಗಿದ್ದಾಗ ಆದದ್ದು ನಿಮಗೆ ನೆನಪಿರುವುದಿಲ್ಲ ಸಿಸ್ಟರ್, ಅದರಲ್ಲಿ ವಿಶೇಷವಿಲ್ಲವಲ್ಲ. ಇಲ್ಲದಾಗ ಆದದ್ದು ಮಾತ್ರ ಉಳಿಯುತ್ತದೆ, ಎರಡನ್ನೂ ಎಣಿಸಿ ನೋಡಬೇಕು ಅನ್ನುತ್ತಿದ್ದಳು. ಅಷ್ಟೇ ಇರಬಹುದು. ಹೊಟ್ಟೆ ಇರುವವರು, ಕಾಲು ಇರುವವರು ಯಾವಾಗಲಾದರೂ ಒಮ್ಮೆ ಎದ್ದು ಹೊರಗೆ ಹೋಗಲೇಬೇಕು. ಆಗುವುದು ತನ್ನ ಹೊತ್ತಿಗೆ ಆಗುತ್ತದೆ. ನಾನು ಹೊರಗಿನ ಬೆಂಚಿನ ಮೇಲೆ ಕೂತುಬಿಟ್ಟೆ. ಖುಷಿಗೆ ಹೀಗಾಗಿದೆ ಎಂದುಕೊಂಡು ಸಿಸ್ಟರ್ ನೀರು ತಂದುಕೊಟ್ಟರು. ಖುಷಿಯೂ ಆಗಿತ್ತು.

ಅವನ ಮೊದಲ ಮಾತು ಬರಲು ಇನ್ನೂ ಕೆಲವು ದಿನ ಹಿಡಿಯಿತು. ಅಂಗಾತ ಮಲಗಿದ್ದವನು ಸುಣ್ಣ ಏಳುತ್ತಿದ್ದ ಸೂರನ್ನು ಬಹಳ ಹೊತ್ತು ನೋಡಿ, "ಇದನ್ಯಾವನು ಬಳಿದ?" ಎಂದನಂತೆ. ಬಲಗೈ ಇನ್ನೂ ಸರಿಯಾಗಿ ಎತ್ತಲಾಗುವುದಿಲ್ಲ. ಮತ್ತೆ ಸಾರುವೆ ಹತ್ತುತ್ತಾನೋ ಇಲ್ಲವೋ. ಹತ್ತಲು ತಾನು ಬಿಡುವುದಿಲ್ಲ, ಅಂಗಡಿಯಲ್ಲಿ ಗುಂಡಿ ಹಚ್ಚಲಿ ಎಂದು ಆಕೆ ಸಾರಿದ್ದಾಳೆ. ನಾನು ಹೋಗಿ ನಮಸ್ಕಾರ ಅಂದರೆ ಅವನು ಯಾರಪ್ಪ ಈ ಮುದುಕ ಎಂಬಂತೆ ನೋಡಿದ. ನನ್ನ ದನಿಯೂ ಗುರುತು ಸಿಗಲಿಲ್ಲ, ತಕ್ಕಡಿಯ ಹಗರಣಗಳೂ ನೆನಪಿಲ್ಲ. ಅದೊಂದು ಸಮಾಧಾನ.

"ನೀವು ಹೇಳಿದ್ದೂ ಒಂದೂ ಕೇಳಿಸಿರಲಿಲ್ಲವಂತಾ?" ಎಂದು ಆಕೆಯನ್ನು ಕೇಳಿದೆ.

"ನೆನಪಿಲ್ಲವಂತೆ. ಕೇಳಿಸಿರಲಿಲ್ಲ ಅಂತ ಅಲ್ಲ. ಅದು ಬೇರೆ, ಇದು ಬೇರೆ ಅಲ್ವಾ ಸಾರ್?" ಅಂದಳು. ಆಮೇಲೆ ದನಿ ತಗ್ಗಿಸಿ, "ಒಳ್ಳೇದೇ ಆಯ್ತು ಬಿಡಿ. ಅವರಮ್ಮನ ವಿಷಯ ಸುಮಾರು ಹೇಳಿಬಿಟ್ಟಿದ್ದೆ."

ಗುಬ್ಬಿ, ಎಷ್ಟೋ ದಿನದ ಮೇಲೆ ನಾನು ಮನೆಗೆ ಬಂದು ಬಟ್ಟೆಯನ್ನೂ ಬದಲಿಸದೆ ನೆಮ್ಮದಿಯಾಗಿ ನಿದ್ದೆ ಹೊಡೆದೆ. ಸಂಪಾದಕರಿಗೆ ಬರೆದಿದ್ದೇನೆ: ಇನ್ನು ಮುಂದೆ ಅಂಕಣದ ಮೇಲೆಯೇ, ದಪ್ಪ ಅಕ್ಷರದಲ್ಲಿ, ಲೇಖಕಿ ಈಗ ಇಲ್ಲವೆಂದು ಹಾಕಿ. ಜನರಿಗೆ ಬೇಸರವಾದರೆ ಆಗಲಿ, ಗೊತ್ತಿರಬೇಕಾದದ್ದು ಅದು. ಬೇಕಾದರೆ ನೀವೇ ಬರೆಯಿರಿ ಎಂದು ಅವರು ಉತ್ತರಿಸಿದ್ದಾರೆ. ಗೊತ್ತಿಲ್ಲದ್ದನ್ನೇ ಬರೆಯುವುದಾದರೆ ನನ್ನ ಹತ್ತಿರ ಬೇಕಾದಷ್ಟು ಸರಕಿದೆ. ಆದರೂ ಬೇಡ ಎಂದೆ.

ಕೈ ನೋಯುತ್ತಿದೆ. ಎತ್ತರದಲ್ಲಿ ನಿಂತು ಕೆಲಸ ಮಾಡುವವಳು ನೀನು, ಸೊಂಟದ ಹಗ್ಗ ಬಿಗಿಯದೆ ಒಂದು ಹೆಜ್ಜೆಯನ್ನೂ ಇಡಬೇಡ. ಹೊತ್ತಿಗೆ ಸರಿಯಾಗಿ ಊಟ ಮಾಡು. ನಿನ್ನ ಸೇತುವೆಯ ಮೇಲೆ ನಡೆಯುವವರೆಲ್ಲ ನಿನ್ನ ಹೆಸರು ಗೊತ್ತಿಲ್ಲದೆಯೇ ನಿನಗೆ ಒಳ್ಳೆಯದು ಬಯಸಲಿ, ಅದು ನಿನ್ನ ಆಯುಸ್ಸಿಗೆ ಸೇರಲಿ. ಕೆಲಸದಿಂದ ಬಿಡುವು ಸಿಕ್ಕಾಗ ಮನೆಗೆ ಬಾ. ಉಪ್ಪು ನೀನೇ ಹಾಕು.

ನಿನ್ನ
ಅಪ್ಪ

ತಾ.ಕ.: ಅಂಟು ಹಚ್ಚುವ ಮೊದಲು ಮತ್ತೆ ಬಿಚ್ಚಿ ಬರೆಯುತ್ತಿದ್ದೇನೆ; 'ಕೇಳಿಸುತ್ತದೆ' ಎಂದು ಯಾಕೆ ಬರೆದೆ ಎಂಬುದು ಬಾಕಿಯಿತ್ತು. ಹೊಲಿಗೆಯಾಕೆಯ ಕಾಗದ ಬರುವುದಕ್ಕೆ ಸ್ವಲ್ಪ ಮುಂಚೆ ನಿನ್ನ ಚಿಕ್ಕಮ್ಮ ಬಂದಿದ್ದಳು. ಅಮ್ಮ ಹೋದ ಮೇಲೆ ನೀನು ಯಾಕೆ ಈ ಮನೆಗೆ ಕಾಲಿಟ್ಟಿಲ್ಲವೆಂದು ಅವಳಿಂದ ತಿಳಿಯಿತು. ಅವಳ ಮೇಲೆ ಸಿಟ್ಟಾಗಬೇಡ. ಆ ದಿನ ಅಮ್ಮ ಎಚ್ಚರವಿಲ್ಲದೆ ಮಲಗಿದ್ದಾಗ, ಅವಳನ್ನು ಮನೆಗೆ ಕರೆತರುವುದೋ ಆಸ್ಪತ್ರೆಯಲ್ಲೇ ಇಡುವುದೋ ಎಂದು ನಮ್ಮಿಬ್ಬರಿಗೂ ಮಾತಿಗೆ ಮಾತು ಬೆಳೆಯಿತು. "ಅಪ್ಪ, ಅಮ್ಮನಿಗೆ ಕೇಳಿಸುತ್ತೆ, ಹೊರಗೆ ಬಾ" ಎಂದೆ ನೀನು. ಕಾರಿಡಾರಿನಲ್ಲಿ ಜಗಳ ಮುಗಿಸಿ ನಾವು ಒಳಗೆ ಬರುವಷ್ಟರಲ್ಲಿ ಅವಳು ಹೋಗಿಯಾಗಿತ್ತು. "ಅಮ್ಮ ಒಬ್ಬಳೇ ಹೋದಳು, ಅಪ್ಪನನ್ನು ಎಳೆದುಕೊಂಡು ಹೋದವಳು ನಾನು" ಎಂದು ಚಿಕ್ಕಮ್ಮನ ಹತ್ತಿರ ಹೇಳಿಕೊಂಡು ಅತ್ತಿದ್ದೀಯಂತೆ. ನೀನು ಎಳೆಯಲಿಲ್ಲ ಮಗಳೇ. ನೀನು ಮುಂದೆ ನಡೆದೆ, ತಿರುಗಿ ನೋಡಲಿಲ್ಲ, ಹಾಗಾಗಿ ನಿನಗೆ ಗೊತ್ತಿಲ್ಲ. ನಾನು ಅವಳ ಹೊದಿಕೆ ಸರಿಮಾಡಿ, "ಈಗ ಬಂದೆ" ಎಂದು ಅವಳಿಗೆ ಹೇಳಿ, ನನ್ನ ಕಾಲಲ್ಲೇ ನಡೆದು ಹೊರಗೆ ಬಂದೆ. ಬಾಗಿಲು ಮುಚ್ಚಿದವನೂ ನಾನೇ. ಸದ್ದಾದರೆ ಅವಳಿಗೆ ಎಚ್ಚರವಾದೀತೆಂದು ಹಿಡಿಕೆ ಬಿಡದೆ, ಮೆಲ್ಲಗೆ ಮುಚ್ಚಿದೆ.